ಉಕ್ಕಿನ ಸಿಪಾಯಿ ಯಾರ ಆಳು?



ಇನ್ನು ಮುಂದೆ ರಣರಂಗದಲ್ಲಿ ಮನುಷ್ಯನು ಸಾಯಬೇಕಾದ ಕಾರಣವಿಲ್ಲವಂತೆ. ಅವನ ಬದಲಿಗೆ ಯಂತ್ರವೇ ಮುಂದೆ ಹೋಗುವುದಂತೆ, ಯಂತ್ರವೇ ಗುಂಡು ಹಾರಿಸುವುದಂತೆ, ಯಂತ್ರವೇ ಗುಂಡಿಗೆ ಎದೆಯೊಡ್ಡುವುದಂತೆ. ತಾಯಂದಿರು ಇನ್ನು ಅಳಬೇಕಾಗಿಲ್ಲವಂತೆ. ಈ ಶುಭವಾರ್ತೆಯನ್ನು ಸಾರುತ್ತಿರುವವರು ಯಾರು? ಸಾಧುಸಂತರಲ್ಲ, ಶಾಂತಿ ಸಮ್ಮೇಳನದವರೂ ಅಲ್ಲ. ಆ ಯಂತ್ರಗಳನ್ನು ತಯಾರಿಸಿ ಮಾರುವ ಕಂಪೆನಿಗಳು. ಮಾರುವವನು ತನ್ನ ಸರಕನ್ನು ಹೊಗಳುವುದು ಲೋಕರೂಢಿ. ಸಾಂಬಾರು ಹಳಸಿದೆ ಎಂದು ತಾನಾಗಿ ಹೇಳಿ ಬಡಿಸಿದ ಧಣಿಯನ್ನು ನಾವು ಇನ್ನೂ ಕಂಡಿಲ್ಲ. ಆದುದರಿಂದ ಈ ಸರಕನ್ನೂ ನಾವೇ ಮೂಸಿ ನೋಡುವುದು ಒಳ್ಳೆಯದು.

"ಕಪ್ಪುಬಸಿ ತೊಳೆಯುವವನಿಗೆ, ನೂಲಿನ ಎಳೆ ಗಂಟುಹಾಕುವವನಿಗೆ ರಣರಂಗದ ಯಂತ್ರದ ಚಿಂತೆ ಏತಕ್ಕೆ?" ಎಂದು ಕೇಳುವವರಿದ್ದಾರೆ. ಅವರಿಗೆ ನಾವು ಹೇಳುವುದು ಇಷ್ಟು: ರಣರಂಗಕ್ಕೆ ಹೋಗುವವನು ಯಾರ ಮನೆಯವನು? ಬೆಳಗಾವಿ, ಧಾರವಾಡದ ಕಡೆಯ ಎಷ್ಟೋ ಮನೆಗಳಲ್ಲಿ ಅಣ್ಣ ಗಿರಣಿಗೆ ಬಂದರೆ ತಮ್ಮ ಪಲ್ಟನ್ನಿಗೆ ಹೋದ. ಗಿರಣಿಗಳ ಹೆಚ್ಚಿನ ಚಿಮಣಿಗಳು ಇಂದು ತಣ್ಣಗಾಗಿವೆ. ಪಲ್ಟನ್ನು ಇನ್ನೂ ಇದೆ. ಸಾಯುವವನೂ ಕೊಲ್ಲುವವನೂ ನಮ್ಮಂಥ ಮನೆಯಿಂದಲೇ ಹೋಗುವಾಗ ಈ ಮಾತು ನಮ್ಮದಲ್ಲವೆನ್ನುವುದು ಹೇಗೆ?

ಇನ್ನೊಂದು ಮಾತೂ ಇದೆ. ದೊಡ್ಡ ಮನೆಗಳಲ್ಲಿ ತಾನೇ ತಿರುಗಿ ನೆಲ ಗುಡಿಸುವ, ರೊಟ್ಟಿಯಂತೆ ದುಂಡಗಿನ ಪುಟ್ಟ ಯಂತ್ರವನ್ನು ನೀವು ನೋಡಿರಬಹುದು. ಅದರಲ್ಲಿ ಹೆಸರಾದುದು 'ರೂಂಬಾ'. ಅಮೆರಿಕದ 'ಐರೋಬಾಟ್' ಕಂಪೆನಿ ಅದನ್ನು 2002ರಲ್ಲಿ ಮಾರುಕಟ್ಟೆಗೆ ತಂದಿತು. ಅದೇ ವರ್ಷ ಅದೇ ಕಂಪೆನಿಯ 'ಪ್ಯಾಕ್‌ಬಾಟ್' ಎಂಬ ಯಂತ್ರವು ಅಮೆರಿಕದ ಸೈನಿಕರೊಡನೆ ಅಫ್‌ಘಾನಿಸ್ತಾನದ ಗುಹೆಗಳನ್ನು ಹೊಕ್ಕಿತು. ನೆಲ ಗುಡಿಸುವ ಯಂತ್ರವೂ ರಣರಂಗದ ಯಂತ್ರವೂ ಒಂದೇ ಮನೆಯ ಮಕ್ಕಳು. ಆ ಕಂಪೆನಿ ತನ್ನ ಯುದ್ಧವಿಭಾಗವನ್ನು 2016ರಲ್ಲಿ ಮಾರಿಬಿಟ್ಟಿತು, ನಿಜ. ಆದರೆ ಪಾಠ ಉಳಿಯಿತು: ನಮ್ಮ ಕೈಯ ಪೊರಕೆಗೆ ಕಣ್ಣಿಟ್ಟಿರುವ ವಿದ್ಯೆಯೇ ಸಿಪಾಯಿಯ ಕೈಯ ಬಂದೂಕಿಗೂ ಕಣ್ಣಿಟ್ಟಿದೆ.

ಈಗ ವಿಷಯಕ್ಕೆ ಬರೋಣ. ಯೂರೋಪಿನ ಉತ್ತರಕ್ಕೆ, ಬಾಲ್ಟಿಕ್ ಸಮುದ್ರದ ದಂಡೆಯಲ್ಲಿ ಎಸ್ತೋನಿಯಾ ಎಂಬ ಪುಟ್ಟ ದೇಶವಿದೆ. ಜನಸಂಖ್ಯೆಯಲ್ಲಿ ನಮ್ಮ ಧಾರವಾಡ ಜಿಲ್ಲೆಗಿಂತಲೂ ಸಣ್ಣದು. ಅಲ್ಲಿ 2013ರಲ್ಲಿ 'ಮಿಲ್ರೆಮ್ ರೋಬಾಟಿಕ್ಸ್' ಎಂಬ ಕಂಪೆನಿ ಹುಟ್ಟಿತು. ಅದು ತಯಾರಿಸಿದ ಮುಖ್ಯ ಯಂತ್ರದ ಹೆಸರು 'ಥೆಮಿಸ್'. ಟ್ಯಾಂಕಿಗೆ ಇರುವಂಥ ಎರಡು ಪಟ್ಟಿಗಳು, ಅವುಗಳ ನಡುವೆ ಚಪ್ಪಟೆಯಾದ ಜಾಗ. ಚಾಲಕನಿಗೆ ಪೀಠವೇ ಇಲ್ಲ. ಚಾಲಕನು ದೂರದಲ್ಲಿ ಮರೆಯಲ್ಲಿ ಕುಳಿತು, ಕೈಯಲ್ಲಿ ಹಿಡಿದ ಪೆಟ್ಟಿಗೆಯ ಗುಂಡಿಗಳಿಂದ ಇದನ್ನು ನಡೆಸುತ್ತಾನೆ. ಸುಮಾರು 750 ಕಿಲೋ ಹೊರೆಯನ್ನು ಇದು ಹೊರಬಲ್ಲದು. ಐವತ್ತು ಕಿಲೋದ ಅಕ್ಕಿಮೂಟೆಯ ಲೆಕ್ಕದಲ್ಲಿ ಹದಿನೈದು ಮೂಟೆ! ಗೋಡೌನಿನಿಂದ ಮೂಟೆ ಹೊತ್ತ ಬೆನ್ನಿರುವವರಿಗೆ ಈ ಲೆಕ್ಕ ಬೇಗ ತಿಳಿಯುತ್ತದೆ.

ಆ ಚಪ್ಪಟೆ ಜಾಗದ ಮೇಲೆ ಏನನ್ನು ಇಡಬೇಕೆಂಬುದು ಕೊಂಡವನ ಇಷ್ಟ. ಗಾಯಾಳುವನ್ನು ಹೊರುವ ಸ್ಟ್ರೆಚರು ಇಡಬಹುದು, ನೆಲಬಾಂಬು ತೆಗೆಯುವ ಸಲಕರಣೆ ಇಡಬಹುದು, ಮೆಷಿನ್ ಗನ್ನನ್ನೂ ಕೂರಿಸಬಹುದು. ಗ್ರೀಕರ ಪುರಾಣದಲ್ಲಿ ಥೆಮಿಸ್ ಎಂದರೆ ನ್ಯಾಯದೇವತೆ. ಕೋರ್ಟಿನ ಬಾಗಿಲಲ್ಲಿ ತಕ್ಕಡಿ ಹಿಡಿದು ನಿಲ್ಲಿಸುವ ಮೂರ್ತಿಗೆ ಮೂಲ ಅವಳೇ. ಆ ತಕ್ಕಡಿಯ ಜಾಗದಲ್ಲಿ ಈಗ ಮೆಷಿನ್ ಗನ್ ಬಂದು ಕುಳಿತಿದೆ.

2019ರಲ್ಲಿ ಈ ಯಂತ್ರವು ಎಸ್ತೋನಿಯಾದ ಸೈನಿಕರೊಡನೆ ಆಫ್ರಿಕದ ಮಾಲಿ ದೇಶಕ್ಕೆ ಹೋಗಿ ಮರಳುಗಾಡಿನ ಬಿಸಿಲಲ್ಲಿ ಹೊರೆ ಹೊತ್ತಿತು. 2022ರ ಫೆಬ್ರವರಿಯಲ್ಲಿ ರಷ್ಯವು ಯುಕ್ರೇನಿನ ಮೇಲೆ ದಂಡೆತ್ತಿ ಹೋದ ಮೇಲೆ ಅಲ್ಲಿಗೂ ಕಾಲಿಟ್ಟಿತು. ಜರ್ಮನಿಯ ಸರಕಾರವು ಹಣ ಕೊಟ್ಟು 14 ಯಂತ್ರಗಳನ್ನು ಯುಕ್ರೇನಿಗೆ ಕಳುಹಿಸಿತು; ಅವುಗಳಲ್ಲಿ ಏಳು ಗಾಯಾಳುಗಳನ್ನು ಸಾಗಿಸಲಿಕ್ಕೆ, ಏಳು ದಾರಿಯ ನೆಲಬಾಂಬು ತೆಗೆಯಲಿಕ್ಕೆ. ಅದೇ ವರ್ಷ ಮಾಸ್ಕೋದ ಒಂದು ಯುದ್ಧವಿದ್ಯಾ ಸಂಸ್ಥೆಯು ಈ ಯಂತ್ರವೊಂದನ್ನು ಕೆಡದಂತೆ ಸೆರೆಹಿಡಿದು ತಂದವರಿಗೆ 10 ಲಕ್ಷ ರೂಬಲ್ ಬಹುಮಾನವೆಂದು ಸಾರಿತು. ಹಿಂದೆ ಬಂಡಾಯಗಾರರ ತಲೆಗೆ ಬೆಲೆ ಕಟ್ಟುತ್ತಿದ್ದರು. ಈಗ ಯಂತ್ರದ ತಲೆಗೂ ಬೆಲೆ ಬಂದಿದೆ. 2025ರಲ್ಲಿ ಇನ್ನೂ 150ಕ್ಕಿಂತ ಹೆಚ್ಚು ಯಂತ್ರಗಳನ್ನು ಯುಕ್ರೇನಿಗೆ ಕಳುಹಿಸುವ ಏರ್ಪಾಡು ಪ್ರಕಟವಾಯಿತು.

ಇಲ್ಲಿ ಒಂದು ಮಾತನ್ನು ಸ್ಪಷ್ಟವಾಗಿ ಹೇಳಿಬಿಡಬೇಕು. ನಾವು ಯಂತ್ರದ್ವೇಷಿಗಳಲ್ಲ. ಹೋಟೆಲಿಗೆ ಗ್ರೈಂಡರು ಬಂದಾಗ ಹಿಟ್ಟು ರುಬ್ಬುವವನ ತೋಳು ಉಳಿಯಿತು. ಬೆಳಗಿನ ಮೂರು ಗಂಟೆಗೆ ಎದ್ದು ಕಲ್ಲು ತಿರುಗಿಸುತ್ತಿದ್ದವನ ಸಂಕಟವನ್ನು ಬಲ್ಲ ನಾವು ಆ ಕಲ್ಲಿಗಾಗಿ ಅತ್ತವರಲ್ಲ. ನಾವು ಕೇಳಿದ್ದು ಇಷ್ಟೇ: ಕಲ್ಲು ಹೋಗಲಿ, ಕಲ್ಲು ತಿರುಗಿಸುತ್ತಿದ್ದವನು ಬೀದಿಗೆ ಹೋಗಬಾರದು. ಯುದ್ಧದ ಯಂತ್ರದಲ್ಲಿಯೂ ಒಳ್ಳೆಯದನ್ನು ಒಳ್ಳೆಯದೆನ್ನಲು ನಮಗೆ ಸಂಕೋಚವಿಲ್ಲ. 1972ರಲ್ಲಿ ಉತ್ತರ ಐರ್ಲೆಂಡಿನಲ್ಲಿ ಬಾಂಬುಗಳು ಸಿಡಿಯುತ್ತಿದ್ದಾಗ ಬ್ರಿಟಿಷ್ ಸೇನೆಯವರು ತೋಟದ ವಿದ್ಯುತ್ ಕೈಗಾಡಿಯೊಂದನ್ನು ಮಾರ್ಪಡಿಸಿ ಬಾಂಬಿನ ಬಳಿಗೆ ಕಳುಹಿಸಿದರು. ಅದರಿಂದ ಅನೇಕ ಜೀವಗಳು ಉಳಿದವು. ನಮ್ಮ ಪುಣೆಯ ರಕ್ಷಣಾ ಸಂಶೋಧನಾಲಯದಲ್ಲಿ ತಯಾರಾದ 'ದಕ್ಷ್' ಎಂಬ ಯಂತ್ರವೂ ಬಾಂಬು ತೆಗೆಯುವ ಕೆಲಸಕ್ಕಾಗಿಯೇ ಸೈನ್ಯವನ್ನು ಸೇರಿದೆ. ಗುಂಡಿನ ಮಳೆಯಲ್ಲಿ ನರಳುವವನನ್ನು ಹೊತ್ತು ತರುವ ಯಂತ್ರವು ಯಾವ ದೇಶದ್ದಾದರೂ ಅದಕ್ಕೆ ನಮ್ಮ ನಮಸ್ಕಾರ.

ಎಸ್ತೋನಿಯಾದವರ ಭಯವೂ ನಮಗೆ ಅರ್ಥವಾಗುತ್ತದೆ. 1940ರಲ್ಲಿ ಆ ದೇಶವನ್ನು ಸೋವಿಯತ್ ಒಕ್ಕೂಟ ನುಂಗಿತು. 1991ರಲ್ಲಿ ಅದಕ್ಕೆ ಬಿಡುಗಡೆಯಾಯಿತು. ದೊಡ್ಡ ನೆರೆಯವನ ಪಕ್ಕದಲ್ಲಿ ಸಣ್ಣ ಮನೆ ಕಟ್ಟಿಕೊಂಡವನು ಬಾಗಿಲಿಗೆ ಅಗುಳಿ ಹಾಕುತ್ತಾನೆ. ಹೊಡೆಯಲು ಬಂದವನ ಮುಂದೆ ಆಯುಧ ಹಿಡಿದ ಯುಕ್ರೇನಿನ ಕಾರ್ಮಿಕನನ್ನು, ರೈತನನ್ನು ಜರೆಯುವ ಅಧಿಕಾರ ನಮಗಿಲ್ಲ. ನಮ್ಮ ಜಗಳ ಅವರೊಡನೆಯಲ್ಲ. ಅವರ ಸಂಕಟವನ್ನೇ ಮುಂದೆ ಮಾಡಿ ಜಗತ್ತಿಗೆಲ್ಲ ಈ ಸರಕನ್ನು ಮಾರುವ ವ್ಯಾಪಾರದೊಡನೆ.

ಅಗುಳಿ ಎಂದು ಹುಟ್ಟಿದ್ದು ಅಗುಳಿಯಾಗಿಯೇ ಉಳಿಯಿತೇ, ನೋಡಿರಿ. 2023ರ ಫೆಬ್ರವರಿಯಲ್ಲಿ ಮಿಲ್ರೆಮ್ ಕಂಪೆನಿಯ ಹೆಚ್ಚಿನ ಪಾಲನ್ನು ಅಬುಧಾಬಿಯ 'ಎಡ್ಜ್' ಎಂಬ ಕೂಟವು ಕೊಂಡುಕೊಂಡಿತು. ಎಡ್ಜ್ ಎಂದರೆ ಸಂಯುಕ್ತ ಅರಬ್ ಸಂಸ್ಥಾನಗಳ ಸರಕಾರದ ಒಡೆತನದಲ್ಲಿ 2019ರಲ್ಲಿ ಕಟ್ಟಿದ ಆಯುಧ ಕಾರಖಾನೆಗಳ ದೊಡ್ಡ ಒಕ್ಕೂಟ. ಆ ಬಳಿಕ ಆ ದೇಶದ ಸೇನೆಗೆಂದು 40 ಥೆಮಿಸ್ ಯಂತ್ರಗಳಿಗೂ ಅದಕ್ಕಿಂತ ಬಹಳ ದೊಡ್ಡದಾದ 20 ಯುದ್ಧಗಾಡಿಗಳಿಗೂ ಒಪ್ಪಂದವಾಯಿತು. ರಷ್ಯದ ಭಯದಿಂದ ಹುಟ್ಟಿದ ಯಂತ್ರಕ್ಕೆ ಈಗ ಮರಳುಗಾಡಿನ ಧಣಿ! ನಮ್ಮ ಕರಾವಳಿಯ ಎಷ್ಟೋ ಹುಡುಗರು ದುಬೈ, ಅಬುಧಾಬಿಯ ಹೋಟೆಲುಗಳಲ್ಲಿ ದುಡಿಯುತ್ತಾರೆ. ಅಲ್ಲಿ ಕಾರ್ಮಿಕ ಸಂಘ ಕಟ್ಟಲು ಕಾನೂನಿನ ಎಡೆಯಿಲ್ಲ, ಮುಷ್ಕರ ಹೂಡುವಂತಿಲ್ಲವೆಂಬುದನ್ನು ಅವರನ್ನೇ ಕೇಳಿ ತಿಳಿಯಬಹುದು. ಆಯುಧವು ಒಳ್ಳೆಯದೋ ಕೆಟ್ಟದೋ ಎಂಬುದನ್ನು ಅದರ ಉಕ್ಕು ಹೇಳುವುದಿಲ್ಲ. ಅದನ್ನು ಯಾರು ಹಿಡಿದಿದ್ದಾರೆ, ಹಿಡಿದವನನ್ನು ಪ್ರಶ್ನಿಸುವ ಬಾಯಿ ಯಾರಿಗಿದೆ ಎಂಬುದು ಹೇಳುತ್ತದೆ. ಆದರೆ ಒಡೆತನವು ಪೇಟೆಯಲ್ಲಿ ಕೈಬದಲಾಗುವಾಗ ಆ ಯಂತ್ರವನ್ನು ಮಾಡಿದ ಕಾರ್ಮಿಕನನ್ನಾಗಲಿ, ಅದಕ್ಕೆ ಎದುರಾಗಲಿರುವ ಜನರನ್ನಾಗಲಿ ಯಾರೂ ಕೇಳುವುದಿಲ್ಲ. ಕುರಿಯನ್ನು ಕೇಳಿ ಮಸಾಲೆ ಅರೆಯುತ್ತಾರೆಯೇ?

"ಮನುಷ್ಯನ ಬದಲು ಯಂತ್ರ ಸಾಯುವುದು" ಎನ್ನುತ್ತಾರಲ್ಲ, ಯಾವ ಮನುಷ್ಯನ ಬದಲು? ಯಂತ್ರವಿದ್ದವನ ಕಡೆಯ ಮನುಷ್ಯನ ಬದಲು. ಎದುರಿನ ಗುಂಡಿಯಲ್ಲಿ ಕುಳಿತವನು ಮನುಷ್ಯನೇ ತಾನೆ? 2024ರ ಡಿಸೆಂಬರಿನಲ್ಲಿ ಖಾರ್ಕಿವ್ ನಗರದ ಉತ್ತರಕ್ಕೆ ಲಿಪ್ತ್ಸಿ ಎಂಬ ಹಳ್ಳಿಯ ಬಳಿ ಯುಕ್ರೇನಿನ ಒಂದು ದಳವು ಕಾಲಾಳುಗಳಿಲ್ಲದೆ, ನೆಲದ ಯಂತ್ರಗಳು ಮತ್ತು ಹಾರುವ ಡ್ರೋನುಗಳಿಂದಲೇ ದಾಳಿ ನಡೆಸಿದೆವೆಂದು ಪ್ರಕಟಿಸಿತು. 2025ರ ಜುಲೈಯಲ್ಲಿ ಮತ್ತೊಂದು ದಳವು, ರಷ್ಯದ ಸೈನಿಕರು ಯಂತ್ರಗಳಿಗೇ ಕೈಯೆತ್ತಿ ಶರಣಾದರೆಂದು ಹೇಳಿತು. ಆ ದಿನ ಕೈಯೆತ್ತಿದವರು ಬದುಕಿಕೊಂಡರು, ಒಳ್ಳೆಯದೇ ಆಯಿತು. ಆದರೆ ನಾಳೆ ಎರಡು ಕಡೆಯವರಲ್ಲಿಯೂ ಇಂಥ ಯಂತ್ರಗಳು ಸಾವಿರಗಟ್ಟಲೆ ಇರುವಾಗ ಏನಾದೀತು? ಸಿಪಾಯಿ ಹಿಂದೆ ಸರಿದಂತೆ ಯುದ್ಧವೂ ಅವನ ಬೆನ್ನಿಗೇ ಹಿಂದಕ್ಕೆ ಬರುತ್ತದೆ. ಯಂತ್ರವನ್ನು ನಡೆಸುವವನು ಕುಳಿತ ಮನೆಗೆ, ಅದನ್ನು ತಯಾರಿಸುವ ಕಾರಖಾನೆಗೆ, ಆ ಕಾರಖಾನೆಗೆ ಬೆಳಕು ಕೊಡುವ ವಿದ್ಯುತ್ ಕೇಂದ್ರಕ್ಕೆ. ಅಲ್ಲಿ ಪಾಳಿಯ ಮೇಲಿರುವವನು ಯಾರು? ಕಾರ್ಮಿಕನೇ.

ಇದಕ್ಕಿಂತ ದೊಡ್ಡ ಅಪಾಯ ಒಂದಿದೆ. ಹಳ್ಳಿಗೆ ಹೆಣ ಬಂದಾಗ ಹಳ್ಳಿ ಕೇಳುತ್ತದೆ: ಈ ಹುಡುಗ ಏತಕ್ಕೆ ಸತ್ತ? ಈ ಒಂದು ಪ್ರಶ್ನೆ ಅನೇಕ ಯುದ್ಧಗಳಿಗೆ ಮೂಗುದಾರ ಹಾಕಿದೆ. ವಿಯೆಟ್‌ನಾಮಿನಲ್ಲಿ ಅಮೆರಿಕದ ಹುಡುಗರು ಸತ್ತು ಪೆಟ್ಟಿಗೆಗಳಲ್ಲಿ ಮರಳಿದಾಗ ಅಮೆರಿಕದ ಬೀದಿಗಳೇ ಎದ್ದು ನಿಂತವು. 1973ರಲ್ಲಿ ಅಲ್ಲಿಯ ಸರಕಾರವು ಕಡ್ಡಾಯ ಸೈನ್ಯಭರ್ತಿಯನ್ನು ನಿಲ್ಲಿಸಬೇಕಾಯಿತು. ಹೆಣವೇ ಬಾರದಿದ್ದರೆ ಪ್ರಶ್ನೆ ಎಲ್ಲಿಂದ ಬಂದೀತು? ಸುಟ್ಟ ಯಂತ್ರದ ಮುಂದೆ ಎದೆ ಬಡಿದುಕೊಳ್ಳುವ ತಾಯಿಯುಂಟೇ? ಬಲಿಷ್ಠನಿಗೆ ಯುದ್ಧವು ಖರ್ಚಿನ ಪುಸ್ತಕದ ಒಂದು ಸಾಲಾಗುತ್ತದೆ. ಇಷ್ಟು ಯಂತ್ರ ಹೋಯಿತು, ಇಷ್ಟು ತರಿಸಿರಿ, ಅಷ್ಟೇ. ಯಂತ್ರವಿಲ್ಲದ ಬಡ ದೇಶದವನಿಗೆ ಮಾತ್ರ ಅದು ಹಿಂದಿನಂತೆಯೇ ಹೆಣಗಳ ಲೆಕ್ಕ. ಬೆಕ್ಕಿಗೆ ಚೆಲ್ಲಾಟ, ಇಲಿಗೆ ಪ್ರಾಣಸಂಕಟ.

ಈ ಆಕ್ಷೇಪಕ್ಕೆ ಕಂಪೆನಿಗಳು ಸಿದ್ಧವಾದ ಉತ್ತರವೊಂದನ್ನು ಇಟ್ಟುಕೊಂಡಿವೆ: "ಹೆದರಬೇಡಿರಿ, ಯಂತ್ರವು ತಾನಾಗಿ ಕೊಲ್ಲುವುದಿಲ್ಲ, ಕೊನೆಯ ನಿರ್ಧಾರ ಯಾವಾಗಲೂ ಮನುಷ್ಯನದೇ." ಮಿಲ್ರೆಮ್ ಕೂಡ ಹೀಗೆಯೇ ಹೇಳುತ್ತದೆ. ಈ ಮಾತನ್ನು ಪರೀಕ್ಷಿಸಲು ನಮಗೆ ದೊಡ್ಡ ವಿಜ್ಞಾನಿಗಳ ಸಹಾಯ ಬೇಕಿಲ್ಲ. ಗಿರಣಿಯಲ್ಲಿ ಮಗ್ಗ ನಡೆಸಿದ ನಮ್ಮ ಹಿರಿಯರನ್ನು ಕೇಳಿದರೆ ಸಾಕು. ಎರಡು ಮಗ್ಗ ನೋಡುವ ನೇಕಾರನು ಪ್ರತಿಯೊಂದು ಎಳೆಯನ್ನು ಕಣ್ಣಿನಲ್ಲಿ ಹಿಡಿದಿರುತ್ತಾನೆ; ಎಳೆ ಕಡಿಯುವ ಮೊದಲೇ ಅವನ ಕೈ ಅಲ್ಲಿಗೆ ಹೋಗುತ್ತದೆ. ಅವನಿಗೆ ನಾಲ್ಕು ಕೊಡಿರಿ, ಎಂಟು ಕೊಡಿರಿ, ಹದಿನಾರು ಕೊಡಿರಿ. ಆಗ ಅವನು ಬಟ್ಟೆಯನ್ನು ನೋಡುವುದಿಲ್ಲ, ನಿಂತುಹೋದ ಮಗ್ಗದ ಕಡೆಗೆ ಓಡುತ್ತಾನೆ, ಅಷ್ಟೇ. ಹೆಸರಿಗೆ ಮಗ್ಗವನ್ನು ನಡೆಸುವವನು ಅವನು. ನಿಜವಾಗಿ ಮಗ್ಗವೇ ಅವನನ್ನು ನಡೆಸುತ್ತದೆ. ಬಟ್ಟೆಯಲ್ಲಿ ದೋಷ ಬಂದರೆ ದಂಡ ಮಾತ್ರ ಅವನ ಸಂಬಳದಿಂದಲೇ. 1928ರಲ್ಲಿ ಮುಂಬಯಿಯ ಗಿರಣಿ ಕಾರ್ಮಿಕರು ಆರು ತಿಂಗಳು ಮುಷ್ಕರ ಹೂಡಿದಾಗ, ಕಡಿಮೆ ಜನರಿಂದ ಹೆಚ್ಚು ಯಂತ್ರಗಳನ್ನು ನಡೆಸುವ ಈ ಏರ್ಪಾಡಿನ ಮೇಲೆಯೂ ಅವರ ಸಿಟ್ಟು ಇತ್ತು.

ರಣರಂಗದ ಯಂತ್ರಗಳ ದಾರಿಯೂ ಇದೇ. ಇಂದು ಒಂದು ಯಂತ್ರಕ್ಕೆ ಒಬ್ಬ ಚಾಲಕ. ಆದರೆ ಒಬ್ಬನ ಬದಲಿಗೆ ಒಬ್ಬನನ್ನು ಕೂರಿಸಿದರೆ ಧಣಿಗೆ ಉಳಿತಾಯವೇನು? ಯೂರೋಪಿಯನ್ ಒಕ್ಕೂಟದ ಸುಮಾರು 3 ಕೋಟಿ ಯೂರೋ ನೆರವಿನೊಡನೆ, ಮಿಲ್ರೆಮ್ ಕಂಪೆನಿಯ ಮುಂದಾಳುತನದಲ್ಲಿ 2020ರಲ್ಲಿ ಆರಂಭವಾದ ಯೋಜನೆಯ ಗುರಿಗಳಲ್ಲಿ, ಇಂಥ ಯಂತ್ರಗಳನ್ನು ಹಿಂಡುಹಿಂಡಾಗಿ ಒಟ್ಟಿಗೆ ನಡೆಸುವುದೂ ಒಂದು. ಶತ್ರುವು ರೇಡಿಯೋ ಅಲೆಗಳನ್ನು ಕೆಡಿಸಿದರೆ ಚಾಲಕನಿಗೂ ಯಂತ್ರಕ್ಕೂ ಇರುವ ನಂಟು ಕಡಿದುಹೋಗುತ್ತದೆ; ಆಗಲೂ ಕೆಲಸ ನಡೆಯಬೇಕಾದರೆ ಯಂತ್ರವು ತಾನೇ ನೋಡಬೇಕು, ತಾನೇ ತೀರ್ಮಾನಿಸಬೇಕು. ಯಾರೂ ಕೆಟ್ಟ ಮನಸ್ಸಿನವರಲ್ಲದಿದ್ದರೂ ಕೆಲಸದ ಒತ್ತಡವೇ ಮನುಷ್ಯನನ್ನು ಹೆಜ್ಜೆ ಹೆಜ್ಜೆಯಾಗಿ ಹೊರಗೆ ತಳ್ಳುತ್ತದೆ. ಮಗ್ಗದಲ್ಲಾದರೂ ಹಾಸಿನ ಎಳೆ ಕಡಿದರೆ ತಾನಾಗಿ ನಿಲ್ಲುವ ಯುಕ್ತಿಯನ್ನು ಇಟ್ಟಿದ್ದಾರೆ. ಮನುಷ್ಯನ ಪ್ರಾಣದ ಎಳೆ ಕಡಿದಾಗ ತಾನಾಗಿ ನಿಲ್ಲುವ ಬಂದೂಕನ್ನು ಯಾರೂ ಮಾಡಿಲ್ಲ.

ಇದು ಬರಿಯ ಊಹೆಯಲ್ಲ. 2024ರ ಏಪ್ರಿಲಿನಲ್ಲಿ 'ಪ್ಲಸ್ 972' ಎಂಬ ಪತ್ರಿಕೆಯು, ಗಾಜಾದ ಯುದ್ಧದಲ್ಲಿ ಇಸ್ರೇಲಿನ ಸೇನೆಯು ಗಣಕಯಂತ್ರವೊಂದು ಆರಿಸಿಕೊಟ್ಟ ಮನುಷ್ಯರ ಪಟ್ಟಿಯನ್ನು ಬಳಸಿತೆಂದೂ, ಒಂದೊಂದು ಹೆಸರಿನ ಮೇಲೆ ಅಧಿಕಾರಿಯು ಸುಮಾರು 20 ಸೆಕೆಂಡು ಮಾತ್ರ ಕಳೆಯುತ್ತಿದ್ದನೆಂದೂ, ಅಲ್ಲಿಯ ಅಧಿಕಾರಿಗಳ ಬಾಯಿಂದಲೇ ಕೇಳಿದ್ದಾಗಿ ಬರೆಯಿತು. ಯಂತ್ರವು ಗುರಿಗಳನ್ನು ಆರಿಸುವುದಿಲ್ಲ, ಅಧಿಕಾರಿಗಳಿಗೆ ನೆರವು ಮಾತ್ರ ಎಂದು ಸೇನೆ ಹೇಳಿತು. ಇಪ್ಪತ್ತು ಸೆಕೆಂಡಿನಲ್ಲಿ ಒಂದು ಚಹಾದ ಆರ್ಡರನ್ನು ಸರಿಯಾಗಿ ಕೇಳಿಕೊಳ್ಳುವುದು ಕಷ್ಟವೆಂಬುದನ್ನು ಬೆಳಗಿನ ಗಿರಾಕಿಗಳ ನೂಕುನುಗ್ಗಲಿನಲ್ಲಿ ಸಪ್ಲೈ ಮಾಡುವ ಪ್ರತಿಯೊಬ್ಬ ಮಾಣಿಯೂ ಬಲ್ಲ. "ಕೊನೆಯ ನಿರ್ಧಾರ ಮನುಷ್ಯನದು" ಎಂಬ ಮಾತಿಗೆ ಬೆಲೆ ಬರಬೇಕಾದರೆ ಆ ಮನುಷ್ಯನಿಗೆ ನೋಡುವಷ್ಟು ಸಮಯವಿರಬೇಕು, ಬೇಡವೆನ್ನುವ ಅಧಿಕಾರವಿರಬೇಕು, ಅವನ ಮುಂದೆ ಹತ್ತು ಯಂತ್ರಗಳ ಸಾಲು ಇರಕೂಡದು. ಇಲ್ಲದಿದ್ದರೆ ಅವನು ನಿರ್ಧರಿಸುವವನಲ್ಲ. ಪಾಪವನ್ನು ಹೊರಲು ಕೂರಿಸಿದ ಬದಲಿ ಆಳು.

ಕೆಲವು ಕಂಪೆನಿಗಳು ಆಣೆಯನ್ನೂ ಇಟ್ಟಿವೆ. 2022ರ ಅಕ್ಟೋಬರಿನಲ್ಲಿ 'ಬಾಸ್ಟನ್ ಡೈನಾಮಿಕ್ಸ್' ಮೊದಲಾದ ಆರು ಕಂಪೆನಿಗಳು, ತಮ್ಮ ಸಾಮಾನ್ಯ ಬಳಕೆಯ ಯಂತ್ರಗಳಿಗೆ ಆಯುಧ ಕಟ್ಟುವುದಿಲ್ಲವೆಂದು ಬಹಿರಂಗ ಪತ್ರ ಬರೆದವು. ಮೆಚ್ಚತಕ್ಕ ಮಾತೇ. ಆದರೆ ಅದರ ಹಿಂದಿನ ವರ್ಷ, 2021ರಲ್ಲಿ, ಅಮೆರಿಕದ ಮತ್ತೊಂದು ಕಂಪೆನಿಯಾದ 'ಘೋಸ್ಟ್ ರೋಬಾಟಿಕ್ಸ್'ನ ನಾಲ್ಕು ಕಾಲಿನ ನಾಯಿಯಂಥ ಯಂತ್ರವು ಬೆನ್ನ ಮೇಲೆ ಬಂದೂಕು ಹೊತ್ತು ಪ್ರದರ್ಶನದಲ್ಲಿ ನಿಂತಿತ್ತು. ಒಬ್ಬನು ಆಣೆಯಿಟ್ಟರೆ ಪಕ್ಕದ ಅಂಗಡಿಯವನು ಮಾರುತ್ತಾನೆ. ಆಣೆಯಿಟ್ಟವನೂ ನಾಳೆ ತನ್ನ ಅಂಗಡಿಯನ್ನೇ ಮಾರಿದರೆ ಹೊಸ ಧಣಿಗೆ ಆ ಆಣೆಯ ಕಟ್ಟಿಲ್ಲ. ವಾರದ ರಜೆಯ ಬಗ್ಗೆ ಧಣಿಗಳು ಬಾಯಲ್ಲಿ ಕೊಟ್ಟ ಮಾತು ಎಷ್ಟು ದಿನ ನಿಲ್ಲುತ್ತದೆಂಬುದು ನಮಗೆ ಗೊತ್ತಿದೆ. ಕಾನೂನಿನಲ್ಲಿ ಬರೆದು ಇನ್ಸ್‌ಪೆಕ್ಟರು ಬಾಗಿಲು ತಟ್ಟುವವರೆಗೆ ಅದು ಗಾಳಿಯ ಮಾತು.

ಇನ್ನು ರಣರಂಗದಲ್ಲಿ ಕಲಿತ ಯಂತ್ರವು ರಣರಂಗದಲ್ಲಿಯೇ ಉಳಿಯುವುದೆಂದು ಯಾರಾದರೂ ನಂಬಿದ್ದರೆ, ಚರಿತ್ರೆ ಬೇರೆಯೇ ಹೇಳುತ್ತದೆ. ಎರಡನೆಯ ಮಹಾಯುದ್ಧದಲ್ಲಿ ನಾಜೀ ಜರ್ಮನಿಯು 'ಗೋಲಿಯಾತ್' ಎಂಬ, ತಂತಿಯ ಮೂಲಕ ನಡೆಸುವ ಸಿಡಿಮದ್ದಿನ ಪುಟ್ಟ ಗಾಡಿಗಳನ್ನು ಏಳು ಸಾವಿರಕ್ಕಿಂತಲೂ ಹೆಚ್ಚು ತಯಾರಿಸಿತು. ಮೋಟಾರು ಮಾಡುತ್ತಿದ್ದ ಕಂಪೆನಿಯೇ ಅವನ್ನು ಮಾಡಿತು. 1944ರಲ್ಲಿ ವಾರ್ಸಾ ನಗರದ ಜನರು ನಾಜಿಗಳ ವಿರುದ್ಧ ಎದ್ದು ಬೀದಿಗಳಿಗೆ ಅಡ್ಡಗಟ್ಟೆ ಹಾಕಿದಾಗ ಆ ಗಾಡಿಗಳನ್ನು ಅಡ್ಡಗಟ್ಟೆಗಳ ಮೇಲೂ ಮನೆಗಳ ಮೇಲೂ ಬಿಟ್ಟರು. 2016ರ ಜುಲೈಯಲ್ಲಿ ಅಮೆರಿಕದ ಡಲ್ಲಾಸ್ ನಗರದಲ್ಲಿ ಐವರು ಪೋಲೀಸರನ್ನು ಕೊಂದು ಅಡಗಿದ್ದವನೊಬ್ಬನನ್ನು, ಬಾಂಬು ತೆಗೆಯಲೆಂದು ಇಟ್ಟುಕೊಂಡಿದ್ದ ಯಂತ್ರಕ್ಕೆ ಸಿಡಿಮದ್ದು ಕಟ್ಟಿ ಕಳುಹಿಸಿ ಪೋಲೀಸರು ಕೊಂದರು. ಅವನು ಮಾಡಿದ್ದು ಘೋರ ಕೃತ್ಯ, ಅದನ್ನು ಯಾರೂ ಸಮರ್ಥಿಸಲಾರರು. ಆದರೆ ಬಾಂಬು ತೆಗೆಯುವ ಕೈ ಬಾಂಬು ಇಡುವ ಕೈಯಾಗಲು ಒಂದು ರಾತ್ರಿ ಸಾಕಾಯಿತೆಂಬುದನ್ನು ಗಮನಿಸಿರಿ. ಊರಿಗೆ ಬಂದವಳು ನೀರಿಗೆ ಬಾರದೆ ಇರುವಳೇ? ಗಡಿಗೆ ಬಂದ ಯಂತ್ರವು ನಾಳೆ ಕಾರಖಾನೆಯ ಗೇಟಿಗೂ ಬಂದೀತು. ಗೇಟಿನ ಮುಂದೆ ನಿಂತ ಪೋಲೀಸನಿಗಾದರೂ ಕಣ್ಣಲ್ಲಿ ಕಣ್ಣಿಟ್ಟು, "ಅಣ್ಣಾ, ನಿನ್ನ ಮನೆಯಲ್ಲಿಯೂ ಒಲೆ ಉರಿಯಬೇಕಲ್ಲವೇ" ಎಂದು ಹೇಳಬಹುದು. ಉಕ್ಕಿನ ಪೋಲೀಸನಿಗೆ ಮನೆಯೆಲ್ಲಿ, ಒಲೆಯೆಲ್ಲಿ?

ಇದೆಲ್ಲ ವಿಧಿಲಿಖಿತವೇ? ಅಲ್ಲ. 2022ರ ನವೆಂಬರ್ 29ರಂದು ಸ್ಯಾನ್ ಫ್ರಾನ್ಸಿಸ್ಕೋದ ನಗರಸಭೆಯು, ಪೋಲೀಸರು ವಿಶೇಷ ಸಂದರ್ಭದಲ್ಲಿ ಯಂತ್ರದಿಂದ ಕೊಲ್ಲಬಹುದೆಂದು ಒಪ್ಪಿಗೆ ಕೊಟ್ಟಿತು. ಊರಿನ ಜನ ಬೀದಿಗಿಳಿದರು, ಸಭೆಯ ಬಾಗಿಲಲ್ಲಿ ಕೂಗಿದರು. ಡಿಸೆಂಬರ್ 6ರಂದು ಅದೇ ಸಭೆಯು ಆ ಒಪ್ಪಿಗೆಯನ್ನು ಹಿಂದಕ್ಕೆ ತೆಗೆದುಕೊಂಡಿತು. ಎಂಟು ದಿನ ಕೂಡ ಬೇಕಾಗಲಿಲ್ಲ.

ಯಂತ್ರ ಮಾರುವವರ ಬಾಯಲ್ಲಿ ಇನ್ನೊಂದು ಮಾತು ಯಾವಾಗಲೂ ಇರುತ್ತದೆ: ಕೊಳಕು ಕೆಲಸ, ಬೇಸರದ ಕೆಲಸ, ಅಪಾಯದ ಕೆಲಸ, ಈ ಮೂರೂ ಯಂತ್ರಕ್ಕೆ ಇರಲಿ; ಮನುಷ್ಯ ಪಾರಾಗಲಿ. ಒಳ್ಳೆಯ ಮಾತು! ಹಾಗಾದರೆ ಕೇಳುತ್ತೇವೆ: ನಮ್ಮ ನಗರಗಳ ಗಟಾರಗಳ ಕೆಲಸಕ್ಕಿಂತ ಕೊಳಕಾದ, ಅಪಾಯದ ಕೆಲಸ ಯಾವುದಿದೆ? ಮಲ ಹೊರುವ ಪದ್ಧತಿಯನ್ನು ನಿಷೇಧಿಸುವ ಕಾನೂನು 2013ರಲ್ಲಿಯೇ ಬಂದಿದೆ. ಆದರೂ ಮನುಷ್ಯರು ಗಟಾರಕ್ಕೆ ಇಳಿಯುತ್ತಲೇ ಇದ್ದಾರೆ, ವಿಷದ ಗಾಳಿ ಕುಡಿದು ಸಾಯುತ್ತಲೇ ಇದ್ದಾರೆ. 2023ರ ಅಕ್ಟೋಬರಿನಲ್ಲಿ ಸುಪ್ರೀಂ ಕೋರ್ಟು, ಗಟಾರದಲ್ಲಿ ಸತ್ತವನ ಸಂಸಾರಕ್ಕೆ 30 ಲಕ್ಷ ರೂಪಾಯಿ ಪರಿಹಾರ ಕೊಡಬೇಕೆಂದು ಆಜ್ಞೆ ಮಾಡಬೇಕಾಯಿತು. ಯಂತ್ರವಿಲ್ಲವೇ? ಇದೆ. ಗಟಾರ ಶುದ್ಧಮಾಡುವ 'ಬ್ಯಾಂಡಿಕೂಟ್' ಎಂಬ ಯಂತ್ರವನ್ನು ಕೇರಳದ ತರುಣರು ಮಾಡಿ 2018ರಲ್ಲಿ ತಿರುವನಂತಪುರದಲ್ಲಿ ಇಳಿಸಿದರು. ಹೆಗ್ಗಣದ ಹೆಸರಿನ ಆ ಯಂತ್ರ ಹೆಗ್ಗಣದ ಬಿಲಕ್ಕೆ ಇಳಿದು ಮನುಷ್ಯನನ್ನು ಮೇಲೆಯೇ ಉಳಿಸಿತು. ಅದು ನಮ್ಮ ದೇಶದ ಪ್ರತಿಯೊಂದು ಊರಿನ ಪ್ರತಿಯೊಂದು ವಾರ್ಡಿನಲ್ಲಿ ಏಕಿಲ್ಲ? ಗಡಿಯ ಯಂತ್ರಕ್ಕೆ ತುರ್ತಿನ ಖರೀದಿ, ಗಟಾರದ ಯಂತ್ರಕ್ಕೆ ಟೆಂಡರಿನ ಮೇಲೆ ಟೆಂಡರು. ಯಂತ್ರವು ಮನುಷ್ಯನನ್ನು ಉಳಿಸಲೆಂದೇ ಹುಟ್ಟಿದ್ದರೆ ಮೊದಲು ಇಳಿಯಬೇಕಾದದ್ದು ಎಲ್ಲಿಗೆ?

ನಮ್ಮ ದೇಶವೂ ಈ ದಾರಿಯಲ್ಲಿ ಹೆಜ್ಜೆಯಿಟ್ಟಿದೆ. 2025ರ ಜನವರಿ 15ರಂದು ಪುಣೆಯಲ್ಲಿ ಸೇನಾದಿನದ ಕವಾಯತು ನಡೆದಾಗ ನಾಲ್ಕು ಕಾಲಿನ ಯಂತ್ರ ಹೇಸರಗತ್ತೆಗಳು ಸಿಪಾಯಿಗಳೊಡನೆ ಸಾಲಾಗಿ ನಡೆದುವು. ಪುಣೆಯಲ್ಲಿರುವ ನಮ್ಮವರು ಅದನ್ನು ಕಂಡು ಬೆರಗಾದರು. ಹಿಮದ ಬೆಟ್ಟದಲ್ಲಿ ಜವಾನನ ಬೆನ್ನಿನ ಹೊರೆಯನ್ನು ಅದು ಇಳಿಸುವುದಾದರೆ ಸಂತೋಷ. ಆದರೆ ಇಂದು ಹೊರೆ ಹೊತ್ತ ಬೆನ್ನಿಗೆ ನಾಳೆ ಬಂದೂಕು ಏರಬಹುದು. ಅದಕ್ಕೆ ಯಾವ ಕಟ್ಟುಪಾಡು ಎಂಬುದನ್ನು ಇಂದೇ ಕೇಳಬೇಕು.

ಜಗತ್ತು ಕೇಳುತ್ತಿದೆ. 2023ರ ಅಕ್ಟೋಬರಿನಲ್ಲಿ ವಿಶ್ವಸಂಸ್ಥೆಯ ಮಹಾಕಾರ್ಯದರ್ಶಿಗಳೂ ಅಂತರರಾಷ್ಟ್ರೀಯ ರೆಡ್‌ಕ್ರಾಸ್ ಸಮಿತಿಯ ಅಧ್ಯಕ್ಷೆಯವರೂ ಒಟ್ಟಾಗಿ, ತಾನೇ ಗುರಿ ಆರಿಸಿ ಕೊಲ್ಲುವ ಆಯುಧಗಳಿಗೆ ಕಡಿವಾಣ ಹಾಕುವ ಒಪ್ಪಂದವನ್ನು 2026ರ ಒಳಗೆ ಮಾಡಿಕೊಳ್ಳಿರೆಂದು ಎಲ್ಲ ಸರಕಾರಗಳಿಗೆ ಕರೆ ಕೊಟ್ಟರು. ಅದೇ ವರ್ಷದ ಡಿಸೆಂಬರ್ 22ರಂದು ವಿಶ್ವಸಂಸ್ಥೆಯ ಸಾಮಾನ್ಯ ಸಭೆಯು ಈ ಆಯುಧಗಳ ಬಗ್ಗೆ ಕಳವಳ ಸೂಚಿಸುವ ಠರಾವನ್ನು 152 ಮತಗಳಿಂದ ಅಂಗೀಕರಿಸಿತು. ವಿರುದ್ಧ ಬಿದ್ದ ಮತಗಳು ನಾಲ್ಕೇ ನಾಲ್ಕು: ರಷ್ಯ, ಬೆಲಾರೂಸ್, ಮಾಲಿ, ನಾಲ್ಕನೆಯದು ನಮ್ಮ ಭಾರತ! ಈ ಚರ್ಚೆಗೆ ಜಿನೀವಾದ ಸಮ್ಮೇಳನವೇ ತಕ್ಕ ಸ್ಥಳವೆಂಬುದು ನಮ್ಮ ಸರಕಾರದ ವಾದ. ಜಿನೀವಾದಲ್ಲಿ 2014ರಿಂದ ಈ ಮಾತುಕತೆ ನಡೆದೇ ಇದೆ. ಅಲ್ಲಿ ಎಲ್ಲರೂ ಒಪ್ಪದೆ ಒಂದು ಅಕ್ಷರವೂ ಮುಂದೆ ಸರಿಯದು. ಎಲ್ಲ ಧಣಿಗಳೂ ಒಪ್ಪಿದ ಮೇಲೆಯೇ ಸಂಬಳ ಏರಿಸೋಣವೆಂದರೆ ನಮಗೆ ಯಾವ ಜನ್ಮದಲ್ಲಿ ಏರಿಕೆ ಸಿಕ್ಕೀತು?

ಆದುದರಿಂದ ನಮ್ಮ ಮಾತು ಇಷ್ಟು. ಗಾಯಾಳುವನ್ನು ತರುವ, ಬಾಂಬು ತೆಗೆಯುವ, ಹೊರೆ ಹೊರುವ ಯಂತ್ರ ಬರಲಿ. ಮನುಷ್ಯನನ್ನು ಕೊಲ್ಲುವ ನಿರ್ಧಾರವನ್ನು ಯಂತ್ರಕ್ಕೆ ಒಪ್ಪಿಸಕೂಡದು; ಒಬ್ಬ ಮನುಷ್ಯ ನೋಡಿ, ಯೋಚಿಸಿ, ತನ್ನ ಹೆಸರಿನಲ್ಲಿ ಹೊಣೆ ಹೊತ್ತು ಮಾಡದ ಕೊಲೆಯನ್ನು ಲೋಕದ ಕಾನೂನು ನಿಷೇಧಿಸಬೇಕು. ಇಂಥ ಯಂತ್ರಗಳನ್ನು ದೇಶದೊಳಗೆ, ಜನರ ಮೇಲೆ, ಯಾವ ನೆಪದಿಂದಲೂ ಬಳಸಕೂಡದೆಂದು ನಮ್ಮ ಸಂಸತ್ತು ಕಾನೂನು ಮಾಡಬೇಕು. ಆ ಒಪ್ಪಂದಕ್ಕೆ ಭಾರತವು ಅಡ್ಡಗಾಲಾಗದೆ ಮುಂದಾಳಾಗಬೇಕು. ಗಡಿಗೆ ಯಂತ್ರ ಕೊಳ್ಳುವ ಕೈ ಗಟಾರಕ್ಕೂ ಅದೇ ತುರ್ತಿನಿಂದ ಯಂತ್ರ ಕೊಳ್ಳಬೇಕು.

ಓಟು ಕೇಳಲು ಬರುವವರು ನಮ್ಮ ಖೋಲಿಗಳಿಗೂ ಬರುತ್ತಾರೆ. ನಳದ ನೀರು, ರೇಶನ್ ಕಾರ್ಡುಗಳ ಮಾತಿನ ಜೊತೆಗೆ ಈ ಪ್ರಶ್ನೆಯನ್ನೂ ಅವರ ಮುಂದಿಡಿರಿ: "ಉಕ್ಕಿನ ಸಿಪಾಯಿ ಕೊಂದರೆ ಉತ್ತರ ಕೊಡುವವರು ಯಾರು?" ಅವರಿಗೆ ಉತ್ತರ ಗೊತ್ತಿಲ್ಲದಿದ್ದರೆ ಕೂಡಿಸಿ, ಒಂದು ಕಪ್ಪು ಚಹಾ ಕೊಟ್ಟು, ನೀವೇ ತಿಳಿಸಿ ಹೇಳಿರಿ. ಯಂತ್ರದೊಡನೆ ದುಡಿದು, ಯಂತ್ರಕ್ಕೆ ಬೆರಳು ಕೊಟ್ಟವರು ನಾವು. ಯಂತ್ರದ ವಿಷಯದಲ್ಲಿ ಮಾತನಾಡಲು ನಮಗಿಂತ ಹೆಚ್ಚಿನ ಹಕ್ಕು ಇನ್ನಾರಿಗೂ ಇಲ್ಲ.